ತೊಟ್ಟ ಅಸ್ತ್ರಕ್ಕೊಂದು ಕಟ್ಟಳೆ

ಬಾವಲಿ ಹಿಕ್ಕೆಯ ಸಣ್ಣದೊಂದು ಉಂಡೆ, ಜೊತೆಗೆ ಚೂರು ಗಂಧಕ. ಇವು ಸೊಂಟದ ಚೀಲದಲ್ಲಿರಬೇಕು, ಬಾಯಿಗೆ ಬಟ್ಟೆ ತುರುಕಿರಬಾರದು, ಒಂದು ಕೈಯಾದರೂ ಬಿಡುವಾಗಿರಬೇಕು. ಆಗ ಮಾತ್ರ ಮಾಂತ್ರಿಕ ಬೆಂಕಿಯುಂಡೆ ಎಸೆಯಬಲ್ಲ. ಉಂಡೆ 150 ಅಡಿ ದೂರದವರೆಗೆ ಹಾರಿ ಸಿಡಿಯುತ್ತದೆ. ಸಿಡಿದ ಜಾಗದಿಂದ ಸುತ್ತಲೂ 20 ಅಡಿಯೊಳಗೆ ಯಾರಿದ್ದರೂ ಸುಡುತ್ತದೆ; ನಮ್ಮವರು, ಎದುರಾಳಿ ಎಂದು ನೋಡುವುದಿಲ್ಲ. ಎಷ್ಟು ಸುಟ್ಟಿತು ಎಂಬುದನ್ನು ಆರು ಮುಖದ ಎಂಟು ದಾಳ ಹೇಳುತ್ತವೆ. ಚುರುಕಾಗಿ ಪಕ್ಕಕ್ಕೆ ನೆಗೆದವನಿಗೆ ಅರ್ಧ ಪೆಟ್ಟು.

ಇದು 'ಡಂಜನ್ಸ್ ಅಂಡ್ ಡ್ರ್ಯಾಗನ್ಸ್' ಎಂಬ ಆಟದ ನಿಯಮಪುಸ್ತಕದಲ್ಲಿರುವ ಒಂದು ಮಂತ್ರದ ವಿಧಿ. ಬಾವಲಿ ಹಿಕ್ಕೆಯೇ ಯಾಕೆ ಎಂದರೆ ಅದಕ್ಕೂ ಕಾರಣವಿದೆ. ಗವಿಗಳಲ್ಲಿ ರಾಶಿಬಿದ್ದ ಹಿಕ್ಕೆಯಿಂದ ಪೆಟ್ಲುಪ್ಪು ತೆಗೆಯುತ್ತಿದ್ದರು. ಪೆಟ್ಲುಪ್ಪು, ಗಂಧಕ, ಇದ್ದಿಲು ಸೇರಿದರೆ ಕೋವಿಮದ್ದು. ಹಳೆಯ ಕೇಪಿನ ಕೋವಿ ಇದ್ದ ಮಲೆನಾಡಿನ ಮನೆಗಳಲ್ಲಿ ಈ ಲೆಕ್ಕ ಯಾರಿಗೂ ಹೊಸದಲ್ಲ. ಅದೇ ಪುಸ್ತಕದಲ್ಲಿ ಸಿಡಿಲಿನ ಮಂತ್ರಕ್ಕೆ ಬೇಕಾದ ಸಾಮಗ್ರಿ ತುಪ್ಪಳದ ಚೂರು ಮತ್ತು ಗಾಜಿನ ಕಡ್ಡಿ. ಒಂದನ್ನು ಇನ್ನೊಂದಕ್ಕೆ ಉಜ್ಜಿದರೆ ಕಿಡಿ ಚಟ್ ಎನ್ನುವುದನ್ನು ಶಾಲೆಯಲ್ಲಿ ಎಲ್ಲರೂ ನೋಡಿದವರೇ. ನಿಯಮ ಬರೆದವರು ಮನಸ್ಸಿಗೆ ಬಂದದ್ದನ್ನು ಗೀಚಿಲ್ಲ, ಕೂತು ಯೋಚಿಸಿದ್ದಾರೆ.

ಅಮೆರಿಕದ ವಿಸ್ಕಾನ್ಸಿನ್ ರಾಜ್ಯದ ಲೇಕ್ ಜಿನೀವಾ ಎಂಬ ಊರಿನಿಂದ 1974ರಲ್ಲಿ ಈ ಆಟ ಹೊರಬಂತು. ಕಟ್ಟಿದವರು ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್. ನಾಲ್ಕೈದು ಜನ ಮೇಜಿನ ಸುತ್ತ ಕೂರುತ್ತಾರೆ. ಒಬ್ಬ ಕಥೆ ನಡೆಸುವವನು; ಕಾಡು, ಕೋಟೆ, ರಾಕ್ಷಸ, ಹೋಟೆಲಿನ ಯಜಮಾನ ಎಲ್ಲ ಅವನ ಪಾಲಿಗೆ. ಉಳಿದವರು ಒಂದೊಂದು ಪಾತ್ರ ಹಿಡಿಯುತ್ತಾರೆ: ಕತ್ತಿಯವನು, ಕಳ್ಳ, ಪೂಜಾರಿ, ಮಾಂತ್ರಿಕ. ವೇಷವಿಲ್ಲ, ರಂಗಸ್ಥಳವಿಲ್ಲ. ಬಾಯಲ್ಲಿ ಹೇಳಿದ್ದೇ ನಡೆದದ್ದು. ಆಗುತ್ತದೋ ಇಲ್ಲವೋ ಎಂಬ ಅನುಮಾನ ಬಂದಲ್ಲಿ ಇಪ್ಪತ್ತು ಮುಖದ ದಾಳ ಉರುಳುತ್ತದೆ. ಇಷ್ಟೇ ಆಟ. ಆದರೆ ಇಷ್ಟಕ್ಕೇ ರಾತ್ರಿಯಿಡೀ ಕೂರುವವರಿದ್ದಾರೆ.

ಬೆಂಗಳೂರು, ಮಂಗಳೂರುಗಳಲ್ಲಿ ಓದುವ, ಕೆಲಸ ಮಾಡುವ ನಮ್ಮ ಮಕ್ಕಳ ಜೊತೆ ಈ ದಾಳಗಳು ಘಟ್ಟ ಹತ್ತಿ ಬಂದಿವೆ. ಮೂಡಿಗೆರೆ, ಕಳಸದ ಕಡೆಯ ಮಳೆಗಾಲಕ್ಕೆ ಆಟ ಹೇಳಿಮಾಡಿಸಿದಂತಿದೆ. ಮರ ಬಿದ್ದು ಲೈನು ಹರಿದರೆ ಕರೆಂಟು ಯಾವಾಗ ಬರುತ್ತದೆಂದು ಹೇಳುವವರಿಲ್ಲ, ತೋಟಕ್ಕೆ ಇಳಿಯುವ ಹಾಗಿಲ್ಲ, ಫೋನು ಸತ್ತಿರುತ್ತದೆ. ಕೊಟ್ಟಿಗೆಹಾರದ ಕಡೆಯ ನೆಂಟರ ಮನೆಯಲ್ಲಿ ಇಂಥ ಒಂದು ಸಂಜೆ ಹುಡುಗರು ಆಡುವುದನ್ನು ಕೂತು ನೋಡಿದೆ. ಆಡುತ್ತಾ ಆಡುತ್ತಾ ಪಾತ್ರಗಳು ಮೆಟ್ಟಿಲೇರುತ್ತವೆ; ಮಾಂತ್ರಿಕನಾಗಿದ್ದ ಹುಡುಗ ಐದನೇ ಮೆಟ್ಟಿಲಿನವನು. ಬೆಂಕಿಯುಂಡೆ ಮೂರನೇ ದರ್ಜೆಯ ಮಂತ್ರ. ಐದನೇ ಮೆಟ್ಟಿಲಿನವನಿಗೆ ದಿನಕ್ಕೆ ಆ ದರ್ಜೆಯ ಅವಕಾಶ ಎರಡೇ. ಒಂದನ್ನು ಆಗಲೇ ಖರ್ಚು ಮಾಡಿದ್ದ. ಈಗ ಅವನ ಗೆಳತಿ, ಎಂದರೆ ಅವನದೇ ಚಿಕ್ಕಪ್ಪನ ಮಗಳ ಪಾತ್ರ, ಏಳೆಂಟು ಪಿಶಾಚಿಗಳ ನಡುವೆ ಸಿಕ್ಕಿಬಿದ್ದಿತ್ತು. ಎಸೆದರೆ ಪಿಶಾಚಿಗಳೆಲ್ಲ ಬೂದಿ, ಜೊತೆಗೆ ಅವಳೂ. ಹುಡುಗ ಹಾಳೆ ನೋಡುತ್ತಾ ಕೂತುಬಿಟ್ಟ. ಕಂಬಕ್ಕೊರಗಿ ಎಲೆಯಡಿಕೆ ಹಾಕುತ್ತಿದ್ದ ಮನೆಯ ಹಿರಿಯರು, ವಯಸ್ಸಿನಲ್ಲಿ ಊರಿನ ತಾಳಮದ್ದಳೆಯಲ್ಲಿ ಅರ್ಥ ಹೇಳಿದವರು, ಆಗ ಮೊದಲ ಸಲ ಬಾಯಿಬಿಟ್ಟರು.

"ಬಿಟ್ಟಮೇಲೆ ವಾಪಸ್ ಕರೆಸ್ಕೊಳ್ಳಕ್ಕೆ ಆಗುತ್ತೇನೋ ಅದನ್ನ?"

"ಇಲ್ಲ ಅಜ್ಜ. ಬಿಟ್ರೆ ಬಿಟ್ಟಂಗೆ."

"ಹಂಗಾದ್ರೆ ನೀನು ಅಶ್ವತ್ಥಾಮನ ಪಾರ್ಟಿ."

ಹುಡುಗ ಬೆಂಕಿಯುಂಡೆ ಎಸೆಯಲಿಲ್ಲ. ಮೊದಲ ದರ್ಜೆಯ ಸಣ್ಣ ಮಂತ್ರವೊಂದಿದೆ, ಬೆಳಕಿನ ಮೂರು ಬಾಣ ಬಿಡುವುದು. ಅವು ಗುರಿ ತಪ್ಪುವುದೇ ಇಲ್ಲ, ಪೆಟ್ಟು ಮಾತ್ರ ಚಿಕ್ಕದು. ಅದನ್ನೇ ಬಿಟ್ಟ. ಆಟ ಮುಂದೆ ಹೋಯಿತು. ನನಗೆ ಮಾತ್ರ ಅಜ್ಜನ ಪ್ರಶ್ನೆ ಅಲ್ಲೇ ನಿಂತಿತು. ಆಟದ ಹೆಸರೂ ಗೊತ್ತಿಲ್ಲದ ಮುದುಕರು ಒಂದೇ ಮಾತಿನಲ್ಲಿ ಅದರ ಮರ್ಮಕ್ಕೆ ಕೈಹಾಕಿದ್ದರು. ಮಂತ್ರದ ಬಲ ಎಷ್ಟು ಎಂದು ಅವರು ಕೇಳಲಿಲ್ಲ, ಅದರ ಕಟ್ಟಳೆ ಏನು ಎಂದು ಕೇಳಿದರು. ಮಂತ್ರವಿರುವ ಯಾವ ಕಥೆಗೂ ಜೀವ ಬರುವುದು ಕಟ್ಟಳೆಯಿಂದ ಎಂದು ನಾನು ಗಟ್ಟಿಯಾಗಿ ನಂಬಿದ್ದೇನೆ. ಇದನ್ನು ನಮ್ಮ ತಾಳಮದ್ದಳೆಯ ಮಂದಿ ಲೇಕ್ ಜಿನೀವಾದವರಿಗಿಂತ ಬಹಳ ಮೊದಲೇ ತಿಳಿದಿದ್ದರು.

ಅಲ್ಲಿನ ಕಟ್ಟಳೆ ಹೇಗಿದೆ ಎಂಬುದನ್ನು ಮೊದಲು ನೋಡೋಣ. ಗೈಗ್ಯಾಕ್ಸ್ ಅದರ ಬೀಜ ತಂದದ್ದು ಜ್ಯಾಕ್ ವ್ಯಾನ್ಸ್ ಎಂಬ ಕಥೆಗಾರನಿಂದ. 1950ರಲ್ಲಿ ಬಂದ ವ್ಯಾನ್ಸನ 'ದಿ ಡೈಯಿಂಗ್ ಅರ್ಥ್' ಪುಸ್ತಕದಲ್ಲಿ ಮಾಂತ್ರಿಕರು ಮೊದಲೇ ಕೂತು ಮಂತ್ರವನ್ನು ತಲೆಗೆ ತುಂಬಿಕೊಳ್ಳುತ್ತಾರೆ. ಎಷ್ಟೇ ದೊಡ್ಡವನಾದರೂ ತಲೆಯಲ್ಲಿ ಹಿಡಿಸುವುದು ನಾಲ್ಕಾರು. ಒಮ್ಮೆ ಪ್ರಯೋಗಿಸಿದರೆ ಆ ಮಂತ್ರ ನೆನಪಿನಿಂದ ಅಳಿಸಿಹೋಗುತ್ತದೆ. ಮತ್ತೆ ಬೇಕೆಂದರೆ ಮತ್ತೆ ಓದಬೇಕು. 1974ರ ಮೊದಲ ಪುಸ್ತಕದಲ್ಲಿ ಆರಂಭದ ಮೆಟ್ಟಿಲಿನ ಮಾಂತ್ರಿಕನಿಗೆ ಇಡೀ ದಿನಕ್ಕೆ ಒಂದೇ ಮಂತ್ರ. ಅದನ್ನು ಯಾವಾಗ ಬಿಡಬೇಕೆಂಬುದೇ ಅವನ ಇಡೀ ದಿನದ ಚಿಂತೆ.

ಕಾಲಕ್ರಮದಲ್ಲಿ ನಿಯಮ ಸಡಿಲವಾಯಿತು. 2014ರಲ್ಲಿ ಬಂದ ಐದನೇ ಆವೃತ್ತಿಯಲ್ಲಿ ಮಂತ್ರಗಳಿಗೆ ಒಂಬತ್ತು ದರ್ಜೆ. ಪ್ರತಿ ದರ್ಜೆಗೂ ದಿನಕ್ಕೆ ಇಂತಿಷ್ಟು ಎಂದು ಅವಕಾಶ. ಆಡುವವರು ಅದನ್ನು ಸ್ಲಾಟ್ ಅನ್ನುತ್ತಾರೆ. ಆರಂಭದ ಮಾಂತ್ರಿಕನಿಗೆ ಎರಡು, ತುತ್ತತುದಿಯ ಇಪ್ಪತ್ತನೇ ಮೆಟ್ಟಿಲಿನವನಿಗೆ ಒಟ್ಟು 22. ಒಂಬತ್ತನೇ ದರ್ಜೆಯದು ಮಾತ್ರ ಅವನಿಗೂ ಒಂದೇ. ಎಂಟು ಗಂಟೆಯ ಪೂರ್ಣ ವಿಶ್ರಾಂತಿಯಾದ ಮೇಲೆ ಎಲ್ಲವೂ ಮರಳಿ ತುಂಬುತ್ತವೆ. ಇವಲ್ಲದೆ ಸ್ಲಾಟಿನ ಹಂಗಿಲ್ಲದ, ಎಷ್ಟು ಸಲ ಬೇಕಾದರೂ ಬಿಡಬಹುದಾದ ಚಿಲ್ಲರೆ ಮಂತ್ರಗಳೂ ಈಗ ಇವೆ. ಹೊಸಬರಿಗೆ ಬೇಸರವಾಗದಿರಲಿ ಎಂದು ಮಾಡಿದ್ದು, ಆದರೆ ನನಗೆ ಒಪ್ಪಿಗೆಯಿಲ್ಲ. ಖರ್ಚಿಲ್ಲದ ಮಂತ್ರವನ್ನು ಬಿಡುವಾಗ ಆಡುವವನ ಮುಖದಲ್ಲಿ ಏನೂ ಇರುವುದಿಲ್ಲ. ಕೊನೆಯ ಸ್ಲಾಟನ್ನು ಬಿಡುವಾಗ ಅದೇ ಮುಖ ನೋಡಬೇಕು.

ಉಳಿದ ನಿಯಮಗಳಲ್ಲಿ ಎರಡನ್ನು ಹೇಳಿದರೆ ಸಾಕು. ಒಂದು, ಏಕಾಗ್ರತೆಯದು. ಕೆಲವು ಮಂತ್ರ ಬಿಟ್ಟೊಡನೆ ಮುಗಿಯುತ್ತವೆ, ಕೆಲವನ್ನು ಹಿಡಿದುಕೊಂಡೇ ಇರಬೇಕು. ಹಾಗೆ ಹಿಡಿಯಬಹುದಾದ್ದು ಒಂದು ಹೊತ್ತಿಗೆ ಒಂದನ್ನು ಮಾತ್ರ. ಹಿಡಿದಿರುವಾಗ ಪೆಟ್ಟು ಬಿತ್ತೋ, ದಾಳ ಉರುಳಿಸಿ ಕನಿಷ್ಠ 10 ತರಬೇಕು. ಪೆಟ್ಟು ದೊಡ್ಡದಾದರೆ ಅದರ ಅರ್ಧದಷ್ಟು ತರಬೇಕು. ಬರಲಿಲ್ಲವೆಂದರೆ ಮಂತ್ರ ಕೈಜಾರಿತು. ಇನ್ನೊಂದು, ಬೆಲೆಯದು. ಸಾಮಾನ್ಯ ಸಾಮಗ್ರಿಗಳ ಬದಲು ಮಂತ್ರದಂಡ ಹಿಡಿದರೂ ನಡೆಯುತ್ತದೆ. ಸತ್ತವನನ್ನು ಒಂದು ನಿಮಿಷದೊಳಗೆ ಎಬ್ಬಿಸುವ ಮಂತ್ರಕ್ಕೆ ಮಾತ್ರ 300 ಚಿನ್ನದ ನಾಣ್ಯ ಬೆಲೆಬಾಳುವ ವಜ್ರವೇ ಬೇಕು, ಅದು ಉರಿದು ಹೋಗುತ್ತದೆ. ಎಲ್ಲಕ್ಕಿಂತ ದೊಡ್ಡದು 'ವಿಶ್' ಎಂಬ ಮಂತ್ರ. ಬೇರೆ ಮಂತ್ರಗಳ ಫಲವನ್ನಷ್ಟೇ ಪಡೆಯುವುದಕ್ಕೆ ಬಳಸಿದರೆ ತೊಂದರೆಯಿಲ್ಲ. ಅದರಾಚೆ ಬೇಡಿದರೆ ಮೈ ಸೋತು ಬಸವಳಿಯುತ್ತದೆ, ಅಲ್ಲದೆ ಮುಂದೆಂದೂ ಅದನ್ನು ನುಡಿಯಲಾಗದಂತೆ ಆಗುವ ಸಾಧ್ಯತೆ ನೂರಕ್ಕೆ 33.

ಇದನ್ನೆಲ್ಲ ಓದುವಾಗ ನಮ್ಮವರಿಗೆ ಎಲ್ಲೋ ಕೇಳಿದ ಹಾಗಿದೆ ಅನ್ನಿಸುವುದು ಸಹಜ. ಮಂತ್ರಶಾಸ್ತ್ರದಲ್ಲಿ ಮಂತ್ರವೊಂದು ಸಿದ್ಧಿಸಬೇಕಾದರೆ ಪುರಶ್ಚರಣೆಯಾಗಬೇಕು. ಅಕ್ಷರಕ್ಕೆ ಲಕ್ಷದಂತೆ ಜಪ. ಅದರ ಹತ್ತರಲ್ಲೊಂದು ಪಾಲು ಹೋಮ, ಹೋಮದ ಹತ್ತರಲ್ಲೊಂದು ತರ್ಪಣ, ಹೀಗೇ ಇಳಿಯುತ್ತಾ ಮಾರ್ಜನ, ಭೋಜನ. ಇಪ್ಪತ್ನಾಲ್ಕು ಅಕ್ಷರದ ಗಾಯತ್ರಿಗೆ 24 ಲಕ್ಷ ಜಪ, 2 ಲಕ್ಷ 40 ಸಾವಿರ ಆಹುತಿ, 24 ಸಾವಿರ ತರ್ಪಣ, 2,400 ಮಾರ್ಜನ, ಕೊನೆಗೆ 240 ಜನರಿಗೆ ಊಟ. ಜಪಕ್ಕೆ ಮೊದಲು ಋಷಿ, ಛಂದಸ್ಸು, ದೇವತೆಗಳನ್ನು ಸ್ಮರಿಸಿ, ಬೆರಳುಗಳಿಂದ ಮೈಯ ಅಂಗಾಂಗ ಮುಟ್ಟಿ ನ್ಯಾಸ ಮಾಡಬೇಕು. ನುಡಿ, ಕೈಯ ಚಲನೆ, ದ್ರವ್ಯ ಮೂರೂ ಇಲ್ಲಿವೆ. ಘಟ್ಟದ ಹಳ್ಳಿಗಳಲ್ಲಿ ನೂಲು ಕಟ್ಟುವವರ, ದೃಷ್ಟಿ ತೆಗೆಯುವವರ ಕಟ್ಟಳೆ ಇನ್ನೂ ಸರಳ: ಗ್ರಹಣದ ಹೊತ್ತಿನಲ್ಲಿ ನೀರಲ್ಲಿ ನಿಂತು ಜಪಿಸಬೇಕು, ಮಂತ್ರವನ್ನು ಬಾಯಿಬಿಟ್ಟು ಹೇಳಿದರೆ ಶಕ್ತಿ ಹೋಗುತ್ತದೆ, ದುಡ್ಡು ಮುಟ್ಟಬಾರದು. ಇವುಗಳನ್ನು ನಂಬಿಕೆಯ ಚರಿತ್ರೆಯೆಂದು ಗೌರವದಿಂದ ಕೇಳೋಣ, ಬರೆದಿಡೋಣ. ಆದರೆ ತೋಟದಲ್ಲಿ ಹಾವು ಕಚ್ಚಿದವರನ್ನು ಒಂದು ನಿಮಿಷವೂ ಮಂತ್ರಕ್ಕೆಂದು ನಿಲ್ಲಿಸಬಾರದು. ವಿಷಕ್ಕೆ ಮದ್ದು ಆಸ್ಪತ್ರೆಯಲ್ಲಿರುವ ಚುಚ್ಚುಮದ್ದು ಒಂದೇ. ಮಂತ್ರದ ಹೆಸರಿನಲ್ಲಿ ಜನರನ್ನು ಹಿಂಸಿಸುವುದರ ವಿರುದ್ಧ ಕರ್ನಾಟಕದಲ್ಲಿ 2017ರ ಕಾಯ್ದೆಯೂ ಇದೆ.

ಈ ಲೇಖನಕ್ಕೆ ಬೇಕಾದದ್ದು ಮನುಷ್ಯರು ಕೂತು, ಇದು ಕಥೆಯೆಂದು ಒಪ್ಪಿಕೊಂಡು, ಮಾತಿನಲ್ಲೇ ಕಟ್ಟುವ ಮಂತ್ರ. ಅದರ ನೆಲೆ ತಾಳಮದ್ದಳೆ.

ಮೇ ಕೊನೆಯ ವಾರದ ಪತ್ತನಾಜೆಗೆ ಕರಾವಳಿಯ ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚುತ್ತವೆ. ಬಯಲಿನಲ್ಲಿ ರಂಗಸ್ಥಳ ಹಾಕಲಾಗದ ಆ ನಾಲ್ಕೈದು ತಿಂಗಳು ತಾಳಮದ್ದಳೆಯ ಕಾಲ. ಚಾರ್ಮಾಡಿಯ ಕೆಳಗೂ ಮೇಲೂ, ಕಳಸ, ಶೃಂಗೇರಿ, ಕೊಪ್ಪದ ಸೀಮೆಯಲ್ಲೂ ದೇವಸ್ಥಾನದ ಪೌಳಿಯಲ್ಲೋ ಮನೆಯ ಚಾವಡಿಯಲ್ಲೋ ಕೂಟ ಸೇರುತ್ತದೆ. ಕಿರೀಟವಿಲ್ಲ, ಬಣ್ಣವಿಲ್ಲ, ಕುಣಿತವಿಲ್ಲ. ನಡುವೆ ಭಾಗವತರು, ಪಕ್ಕದಲ್ಲಿ ಮದ್ದಳೆ, ಚೆಂಡೆ. ಎರಡು ಬದಿಯಲ್ಲಿ ಎದುರುಬದುರಾಗಿ ಅರ್ಥಧಾರಿಗಳು. ಭಾಗವತರು ಪ್ರಸಂಗದ ಪದ್ಯ ಹಾಡುತ್ತಾರೆ; ಅರ್ಥಧಾರಿ ಆ ಪದ್ಯವನ್ನು ಹಿಡಿದು ಪಾತ್ರವಾಗಿ ಮಾತಾಡುತ್ತಾನೆ. ಬರೆದಿಟ್ಟ ಮಾತು ಒಂದೂ ಇಲ್ಲ. ಎದುರಿನವನು ಏನು ಕೇಳುತ್ತಾನೋ ಯಾರಿಗೂ ಗೊತ್ತಿಲ್ಲ. ಕಾಸರಗೋಡಿನ ನೆಲದಿಂದ ಬಂದ ಶೇಣಿ ಗೋಪಾಲಕೃಷ್ಣ ಭಟ್ಟರು, ಕುಂಬಳೆ ಸುಂದರ ರಾವ್ ಇವರ ಮಾತು ಕೇಳಲು ಜನ ಹೊಳೆ ದಾಟಿ ಬರುತ್ತಿದ್ದುದು ಆ ಅನಿಶ್ಚಯಕ್ಕಾಗಿಯೇ. ಶೇಣಿಯವರ ವಾಲಿ ರಾಮನನ್ನು ಪ್ರಶ್ನಿಸುವಾಗ ರಾಮನ ಅರ್ಥ ಹೇಳುವವರಿಗೆ ಬೆವರು ಬರುತ್ತಿತ್ತು ಎಂದು ಹಳಬರು ಈಗಲೂ ಹೇಳುತ್ತಾರೆ.

ಮೇಜಿನ ಆಟಕ್ಕೂ ಕೂಟಕ್ಕೂ ದೊಡ್ಡ ವ್ಯತ್ಯಾಸವೊಂದಿದೆ. ಅಲ್ಲಿ ಯಾರು ಸಾಯುತ್ತಾರೆಂದು ದಾಳ ಹೇಳುತ್ತದೆ. ಇಲ್ಲಿ ಯಾರು ಸಾಯುತ್ತಾರೆಂಬುದು ಎಲ್ಲರಿಗೂ ಗೊತ್ತು. ಕರ್ಣ ಬದುಕಿ ಮನೆಗೆ ಹೋಗುವ ಹಾಗಿಲ್ಲ. ಹಾಗಾದರೆ ಇಡೀ ರಾತ್ರಿ ಏನನ್ನು ಕುರಿತು ವಾದ? ನಿಯಮವನ್ನು ಕುರಿತೇ. ಈ ಅಸ್ತ್ರ ಯಾರ ಮೇಲೆ ಬಿಡತಕ್ಕದ್ದು, ಯಾವಾಗ, ಎಷ್ಟು ಸಲ, ಯಾವ ವ್ರತದ ಬಲದಿಂದ, ಬಿಟ್ಟವನು ತೆರುವುದೇನು ಎಂಬುದನ್ನು ಕುರಿತು. ಭಾಗವತರು ಮುಂದಿನ ಪದ್ಯಕ್ಕೆ ತಾಳ ಹಾಕುವ ತನಕ ವಾದಕ್ಕೆ ಅವಕಾಶ. ತಾಳ ಬಿತ್ತೆಂದರೆ ಕಥೆ ಮುಂದಕ್ಕೆ. ಭಾಗವತರೇ ಒಂದನೇ ವೇಷ ಎಂಬ ಮಾತು ಯಕ್ಷಗಾನದಲ್ಲಿ ಸುಮ್ಮನೆ ಹುಟ್ಟಿದ್ದಲ್ಲ.

ನಮ್ಮ ಪ್ರಸಂಗಗಳ ಅಸ್ತ್ರಗಳಿಗೆ ಇರುವಷ್ಟು ಚಂದದ ಕಟ್ಟಳೆ ನಾನು ಬೇರೆಲ್ಲೂ ಕಂಡಿಲ್ಲ. ಇಂದ್ರಜಿತುವಿನ ಕಾಳಗವನ್ನೇ ತೆಗೆದುಕೊಳ್ಳಿ. ನಿಕುಂಭಿಳೆಯಲ್ಲಿ ಅವನ ಹೋಮ ಮುಗಿದರೆ ಅವನನ್ನು ಗೆಲ್ಲುವವರಿಲ್ಲ. ನಡುವೆ ಕೆಡಿಸಿದರೆ ಅವನಿಗೆ ಸಾವಿದೆ. ವಿಭೀಷಣನಿಗೆ ಆ ಗುಟ್ಟು ಗೊತ್ತು. ಲಕ್ಷ್ಮಣ ಬಾಣ ಹಿಡಿದು ಹೋದದ್ದು ಮೊದಲಿಗೆ ಅವನ ಏಕಾಗ್ರತೆಯನ್ನು ಒಡೆಯಲಿಕ್ಕೆ. ದ್ರೋಣ ಸತ್ತ ಕೋಪದಲ್ಲಿ ಅಶ್ವತ್ಥಾಮ ಬಿಟ್ಟ ನಾರಾಯಣಾಸ್ತ್ರದ ಕಟ್ಟಳೆ ಇನ್ನೊಂದು ಬಗೆ. ಎದುರಿಸಿದಷ್ಟೂ ಅದು ಬೆಳೆಯುತ್ತದೆ. ಆಯುಧ ಕೆಳಗಿಟ್ಟು ರಥದಿಂದ ಇಳಿದು ನಿಂತವನನ್ನು ಮುಟ್ಟುವುದಿಲ್ಲ. ಭೀಮ ಒಪ್ಪುವುದಿಲ್ಲ. ಕೃಷ್ಣಾರ್ಜುನರು ಅವನನ್ನು ಎಳೆದು ಕೆಳಗಿಳಿಸಬೇಕಾಗುತ್ತದೆ. ಇನ್ನೊಮ್ಮೆ ಬಿಡು ಎಂದು ಕೌರವ ಕೇಳಿದರೆ ಅಶ್ವತ್ಥಾಮ ಆಗದು ಅನ್ನುತ್ತಾನೆ. ಎರಡನೇ ಸಲ ಕರೆದರೆ ಅದು ಕರೆದವನನ್ನೇ ಕೊಲ್ಲುತ್ತದೆ. ಪಾಶುಪತವನ್ನು ಅರ್ಜುನನಿಗೆ ಕೊಡುವಾಗ ಶಿವ ಹೇಳುವ ವಿಧಿಯೂ ಅಷ್ಟೇ ಖಚಿತ. ಮನಸ್ಸಿನಿಂದ, ಕಣ್ಣಿನಿಂದ, ಮಾತಿನಿಂದ, ಬಿಲ್ಲಿನಿಂದ ಅದನ್ನು ಬಿಡಬಹುದು. ಅಲ್ಪಬಲದವರ ಮೇಲೆ ಬಿಟ್ಟರೆ ಲೋಕವೇ ಸುಟ್ಟುಹೋಗುತ್ತದೆ.

ಕರ್ಣನದಂತೂ ಕಟ್ಟಳೆಗಳೇ ಹೆಣೆದ ಬದುಕು. ಕವಚಕುಂಡಲ ಕೊಟ್ಟು ಇಂದ್ರನಿಂದ ಪಡೆದ ಶಕ್ತಿ ಒಂದೇ ಸಲಕ್ಕೆ. ಅರ್ಜುನನಿಗೆಂದು ಜೋಪಾನ ಮಾಡಿದ್ದನ್ನು ಹದಿನಾಲ್ಕನೇ ದಿನದ ರಾತ್ರಿ ಘಟೋತ್ಕಚನ ಮೇಲೆ ಬಿಡಬೇಕಾಯಿತು. ಸುಳ್ಳು ಹೇಳಿ ಕಲಿತ ಬ್ರಹ್ಮಾಸ್ತ್ರದ ಮಂತ್ರ ಬೇಕಾದ ಹೊತ್ತಿಗೆ ಮರೆತುಹೋಗುತ್ತದೆಂದು ಪರಶುರಾಮನ ಶಾಪ. ವ್ಯಾನ್ಸನ ಮಾಂತ್ರಿಕರು ಪ್ರಯೋಗಿಸಿದ ಮೇಲೆ ಮರೆಯುತ್ತಾರೆ, ಕರ್ಣ ಪ್ರಯೋಗಕ್ಕೆ ಮೊದಲೇ ಮರೆಯುತ್ತಾನೆ. ಉಳಿದದ್ದು ಸರ್ಪಾಸ್ತ್ರ. ತೊಟ್ಟ ಬಾಣವನ್ನು ಮತ್ತೆ ತೊಡುವುದಿಲ್ಲವೆಂದು ಕುಂತಿಗೆ ಕೊಟ್ಟ ಮಾತು ನಮ್ಮ ಪ್ರಸಂಗಗಳಲ್ಲಿ ಅವನನ್ನು ಕಟ್ಟಿಹಾಕಿದೆ. ಗುರಿ ಕೊರಳಿಗಲ್ಲ, ಎದೆಗೆ ಇಡು ಎನ್ನುತ್ತಾನೆ ಶಲ್ಯ. ಇಟ್ಟ ಗುರಿ ಬದಲಿಸಲಾರೆ ಎನ್ನುತ್ತಾನೆ ಕರ್ಣ. ಕೃಷ್ಣ ರಥವನ್ನು ಒತ್ತಿ ನೆಲಕ್ಕಿಳಿಸುತ್ತಾನೆ, ಅರ್ಜುನನ ಕಿರೀಟ ಮಾತ್ರ ಹಾರುತ್ತದೆ. ಶಲ್ಯ ಸಿಟ್ಟಿನಿಂದ ರಥ ಬಿಟ್ಟು ಇಳಿಯುತ್ತಾನೆ. ಕೂಟದಲ್ಲಿ ಈ ಒಂದು ಘಟ್ಟಕ್ಕೆ ಗಂಟೆಗಟ್ಟಲೆ ಮಾತು ನಡೆಯುತ್ತದೆ. ಶಲ್ಯನ ಅರ್ಥ ಹೇಳುವವನು ಗಟ್ಟಿಗನಾದರೆ ಕರ್ಣನ ಸತ್ಯವನ್ನೇ ಅನುಮಾನಕ್ಕೆ ತಳ್ಳಿಬಿಡುತ್ತಾನೆ: ಸೈನ್ಯವೆಲ್ಲ ನಿನ್ನನ್ನು ನಂಬಿ ಸಾಯುತ್ತಿರುವಾಗ ನಿನ್ನ ಮಾತಿನ ಮಡಿವಂತಿಕೆ ಯಾರ ಉಪಕಾರಕ್ಕೆ? ಉತ್ತರ ಹೇಳಲೇಬೇಕು. ದಾಳದ ಮೊರೆಹೋಗುವಂತಿಲ್ಲ.

ನನಗೆ ಎಲ್ಲಕ್ಕಿಂತ ಪ್ರಿಯವಾದದ್ದು ಸುಧನ್ವನ ಕಥೆ, ಅದಕ್ಕೆ ಊರಿನ ನಂಟೂ ಇದೆ. 'ಜೈಮಿನಿ ಭಾರತ' ಬರೆದ ಲಕ್ಷ್ಮೀಶ ನಮ್ಮ ಜಿಲ್ಲೆಯ ಕಡೂರು ತಾಲ್ಲೂಕಿನ ದೇವನೂರಿನವನೆಂಬುದು ಪ್ರಸಿದ್ಧ. ಅವನ ಕಾವ್ಯದ ಸುಧನ್ವನ ಕಥೆ ಯಕ್ಷಗಾನಕ್ಕೆ, ತಾಳಮದ್ದಳೆಗೆ ಬಹಳ ಒಗ್ಗಿದ ಪ್ರಸಂಗ. ಅಶ್ವಮೇಧದ ಕುದುರೆಯ ಹಿಂದೆ ಬಂದ ಅರ್ಜುನ, ಮೂರೇ ಬಾಣದಲ್ಲಿ ಸುಧನ್ವನ ತಲೆ ತೆಗೆಯುವೆನೆಂದು ಪ್ರತಿಜ್ಞೆ ಮಾಡುತ್ತಾನೆ. ಆ ಮೂರನ್ನೂ ಕತ್ತರಿಸುವೆನೆಂದು ಸುಧನ್ವನ ಪ್ರತಿಜ್ಞೆ. ಇಬ್ಬರೂ ಕೃಷ್ಣಭಕ್ತರು, ಇಬ್ಬರ ಮಾತೂ ನಿಲ್ಲಬೇಕು. ಸಾರಥಿಯಾಗಿ ಬಂದ ಕೃಷ್ಣ ಅರ್ಜುನನ ಬಾಣಕ್ಕೆ ತನ್ನ ಪುಣ್ಯವನ್ನೇ ಧಾರೆಯೆರೆಯುತ್ತಾನೆ. ಗೋವರ್ಧನ ಎತ್ತಿ ಗೋವುಗಳನ್ನು ಕಾಯ್ದ ಪುಣ್ಯವೂ ಒಂದು ಬಾಣಕ್ಕೆ ಖರ್ಚಾಗುತ್ತದೆ. ಸುಧನ್ವ ಅದನ್ನೂ ಕತ್ತರಿಸುತ್ತಾನೆ. ಕೊನೆಯ ಬಾಣವೂ ತುಂಡಾಗುತ್ತದೆ, ಆದರೆ ತುಂಡಾದ ಬಾಣದ ಅರ್ಧ ಮುಂದೆ ಹೋಗಿ ಅವನ ತಲೆ ತೆಗೆಯುತ್ತದೆ. ಕತ್ತರಿಸುವೆನೆಂದವನ ಮಾತೂ ಉಳಿಯಿತು, ಕೊಲ್ಲುವೆನೆಂದವನ ಮಾತೂ ಉಳಿಯಿತು.

ಇಲ್ಲಿ ಮಂತ್ರದ ದ್ರವ್ಯ ಪುಣ್ಯ. ಮೇಜಿನ ಆಟದ ಪುಸ್ತಕದಲ್ಲಿ 300 ನಾಣ್ಯದ ವಜ್ರ ಉರಿಯುತ್ತದೆ. ವಜ್ರವನ್ನು ಮತ್ತೆ ಕೊಳ್ಳಬಹುದು. ಗೋವರ್ಧನವನ್ನು ಮತ್ತೆ ಎತ್ತಲಾದೀತೇ? ತಾನು ಲೋಕಕ್ಕೆ ಮಾಡಿದ ಉಪಕಾರವನ್ನೇ ಗೆಳೆಯನ ಹಟಕ್ಕೆ ಕೊಡುತ್ತಿದ್ದಾನೆ ಕೃಷ್ಣ, ಅದೂ ಇನ್ನೊಬ್ಬ ಭಕ್ತನನ್ನು ಕೊಲ್ಲುವುದಕ್ಕೆ. ಒಳ್ಳೆಯ ಅರ್ಥಧಾರಿ ಸುಧನ್ವನಾಗಿ ಕೂತರೆ ಇದನ್ನೇ ಹಿಡಿಯುತ್ತಾನೆ. ನಿನ್ನ ಬಾಣದಲ್ಲಿ ನಿನ್ನದೆನ್ನುವುದು ಏನಿದೆ ಎಂದು ಅರ್ಜುನನನ್ನು ಕೇಳುತ್ತಾನೆ. ನಿಯಮ ಬರೆಯುವವರು ಎಷ್ಟೇ ಜಾಣರಿರಲಿ, ಬೆಲೆಯನ್ನು ನಾಣ್ಯದಲ್ಲಿ ಇಟ್ಟರೆ ಆಟ ಅಲ್ಲಿಗೇ ನಿಲ್ಲುತ್ತದೆ. ಆಡುವವನಿಗೆ ಕಳೆದುಕೊಳ್ಳಲು ಮನಸ್ಸಿಲ್ಲದ್ದನ್ನು ಬೆಲೆಯಾಗಿ ಇಟ್ಟಾಗಲೇ ಮಂತ್ರ ಭಾರವಾಗುವುದು.

ಇನ್ನು ಅಜ್ಜನ ಅಶ್ವತ್ಥಾಮ. ದ್ರೋಣ ಬ್ರಹ್ಮಶಿರಾಸ್ತ್ರವನ್ನು ಮೊದಲು ಕಲಿಸಿದ್ದು ಅರ್ಜುನನಿಗೆ. ಮಗ ಕಾಡಿ ಬೇಡಿದ ಮೇಲೆ ಮನಸ್ಸಿಲ್ಲದ ಮನಸ್ಸಿನಿಂದ ಅವನಿಗೂ ಕಲಿಸಿದ. ಎಂಥ ಆಪತ್ತಿನಲ್ಲೂ ಮನುಷ್ಯರ ಮೇಲೆ ಬಿಡಬೇಡ ಎಂದು ಎಚ್ಚರಿಸಿದ. ಯುದ್ಧ ಮುಗಿದ ಮೇಲೆ, ರಾತ್ರಿ ಪಾಂಡವರ ಮಕ್ಕಳನ್ನು ಮಲಗಿದಲ್ಲೇ ಕೊಂದು ಸಿಕ್ಕಿಬಿದ್ದ ಅಶ್ವತ್ಥಾಮ ಒಂದು ಹುಲ್ಲುಕಡ್ಡಿಯನ್ನು ಹಿಡಿದು ಅದನ್ನೇ ಮಂತ್ರಿಸಿ ಬಿಡುತ್ತಾನೆ. ಅರ್ಜುನನೂ ಅದೇ ಅಸ್ತ್ರವನ್ನು ಎದುರು ಬಿಡುತ್ತಾನೆ. ನಾರದ, ವ್ಯಾಸರು ನಡುವೆ ಬಂದು ನಿಂತು ಎರಡನ್ನೂ ಹಿಂತೆಗೆಯಿರಿ ಅನ್ನುತ್ತಾರೆ. ಹಿಂತೆಗೆಯುವುದಕ್ಕೂ ಕಟ್ಟಳೆಯಿದೆ, ಅದು ಬಿಡುವುದಕ್ಕಿಂತ ಕಠಿಣ. ವ್ರತದಲ್ಲಿ ಶುದ್ಧನಾದವನಿಗೆ ಮಾತ್ರ ಅದು ಸಾಧ್ಯ. ಅಲ್ಲದವನು ಕೈಹಾಕಿದರೆ ಅಸ್ತ್ರ ಅವನ ತಲೆಯನ್ನೇ ಕತ್ತರಿಸುತ್ತದೆ. ಅರ್ಜುನ ಹಿಂತೆಗೆದ. ಅಶ್ವತ್ಥಾಮನಿಗೆ ಆಗಲಿಲ್ಲ. ಎಲ್ಲಿಯಾದರೂ ಅದು ಬೀಳಲೇಬೇಕಿತ್ತು. ಉತ್ತರೆಯ ಬಸಿರಿಗೆ ಗುರಿಯಿಟ್ಟ.

ವ್ಯಾಸ ಆಗ ಇನ್ನೊಂದು ಮಾತು ಹೇಳುತ್ತಾನೆ. ಈ ಅಸ್ತ್ರವನ್ನು ಇನ್ನೊಂದು ಮಹಾಸ್ತ್ರ ತಡೆದ ನಾಡಿನಲ್ಲಿ 12 ವರ್ಷ ಮಳೆ ಬೀಳುವುದಿಲ್ಲ. ಮಾರ್ಚಿನಲ್ಲಿ ಕಾಫಿಯ ಹೂಮಳೆ ಒಂದು ವಾರ ತಡವಾದರೆ ಎದೆ ಹೊಡೆದುಕೊಳ್ಳುವ ನಮ್ಮ ಸೀಮೆಯಲ್ಲಿ ಈ ಮಾತನ್ನು ಬಿಡಿಸಿ ಹೇಳಬೇಕಾಗಿಲ್ಲ. ಬಿಟ್ಟವನೂ ತಡೆದವನೂ ಬೇರೆ, ಬರಗಾಲ ಉಣ್ಣುವವರು ಬೇರೆ. ಐದು ದಶಕಗಳಲ್ಲಿ ಪರಿಷ್ಕರಣೆಯ ಮೇಲೆ ಪರಿಷ್ಕರಣೆ ಕಂಡ ಆ ನಿಯಮಪುಸ್ತಕದಲ್ಲಿ ಬೆಂಕಿಯುಂಡೆ ಸುಡುವುದು 20 ಅಡಿಯಷ್ಟೇ. ಅಸ್ತ್ರ ಬಿದ್ದ ನೆಲದ ರೈತನ ಲೆಕ್ಕ ಅದರಲ್ಲಿಲ್ಲ. ನಮ್ಮ ಹಳೆಯ ಕಟ್ಟಳೆಯಲ್ಲಿ ಇದೆ.

ಆದ್ದರಿಂದ ದಾಳ ಹಿಡಿದ ಹುಡುಗ ಹುಡುಗಿಯರಿಗೆ ನನ್ನದೊಂದು ಕೋರಿಕೆ. ನಿಮ್ಮ ಆಟ ಚೆನ್ನಾಗಿದೆ, ಆಡಿ. ಮನೆಯ ಹಿರಿಯರು ಅದೇನೋ ಹುಚ್ಚಾಟ ಎಂದು ಎದ್ದುಹೋಗದೆ ಕೂತು ನೋಡಲಿ. ಆದರೆ ಬಾವಲಿ ಹಿಕ್ಕೆ, ಗಾಜಿನ ಕಡ್ಡಿ, ವಜ್ರಗಳ ಪಟ್ಟಿಯ ಜೊತೆಗೆ ಒಂದು ಕನ್ನಡದ ಪಟ್ಟಿಯನ್ನೂ ಬರೆಯಿರಿ. ಒಂದೇ ಸಲ ಬಿಡಬಹುದಾದ ಶಕ್ತಿ, ಆಯುಧ ಕೆಳಗಿಟ್ಟವನನ್ನು ಮುಟ್ಟದ ನಾರಾಯಣಾಸ್ತ್ರ, ಪುಣ್ಯ ಖರ್ಚಾಗುವ ಬಾಣ, ವ್ರತ ಕೆಟ್ಟವನಿಗೆ ಹಿಂತೆಗೆಯಲಾಗದ ಅಸ್ತ್ರ, ಮಳೆಯನ್ನೇ ನುಂಗುವ ಅಸ್ತ್ರ. ಅದನ್ನು ಮೇಜಿನ ಮೇಲಿಟ್ಟು ಆಡಿ ನೋಡಿ, ಯಾವ ನಿಯಮ ನಿಲ್ಲುತ್ತದೆ, ಯಾವುದು ಸಡಿಲವಾಗಬೇಕು ಎಂದು ನಿಮಗೇ ಗೊತ್ತಾಗುತ್ತದೆ. ಅನುಮಾನ ಬಂದಲ್ಲಿ ಕೇಳಲು ಅರ್ಥಧಾರಿಗಳು ನಿಮ್ಮ ಊರಿನಲ್ಲೇ ಇದ್ದಾರೆ. ಈ ಮಳೆಗಾಲ ಹತ್ತಿರದಲ್ಲಿ ಕೂಟವಿದ್ದರೆ ಒಂದು ರಾತ್ರಿ ಹೋಗಿ ಕೂತುಬನ್ನಿ. ಭಾಗವತರು ಪದ್ಯವನ್ನು ಎಲ್ಲಿ ಎತ್ತುತ್ತಾರೆ, ವಾದ ಹಳಿ ತಪ್ಪುವಾಗ ಹೇಗೆ ತಡೆಯುತ್ತಾರೆ ಎಂಬುದನ್ನು ನಿಮ್ಮಲ್ಲಿ ಕಥೆ ನಡೆಸುವವರು ಗಮನವಿಟ್ಟು ನೋಡಬೇಕು.

ಕಾನೂನಿನ ತೊಡಕೂ ಇಲ್ಲ. ಆಟದ ಮೂಲ ನಿಯಮಗಳ ಸಂಗ್ರಹವನ್ನು ಪ್ರಕಾಶಕರಾದ ವಿಝರ್ಡ್ಸ್ ಆಫ್ ದಿ ಕೋಸ್ಟ್ ಸಂಸ್ಥೆ 2023ರ ಜನವರಿಯಲ್ಲಿ ಕ್ರಿಯೇಟಿವ್ ಕಾಮನ್ಸ್ ಪರವಾನಗಿಯಡಿ ಬಿಡುಗಡೆ ಮಾಡಿದೆ. ಬೆಂಕಿಯುಂಡೆಯೂ ಏಕಾಗ್ರತೆಯ ನಿಯಮವೂ ಸ್ಲಾಟುಗಳ ಕೋಷ್ಟಕವೂ ಅದರಲ್ಲಿವೆ. ಮೂಲವನ್ನು ಹೆಸರಿಸಿದರೆ ಸಾಕು, ಯಾರು ಬೇಕಾದರೂ ಅದನ್ನು ಕನ್ನಡಕ್ಕೆ ತರಬಹುದು, ತಿದ್ದಬಹುದು, ಸೇರಿಸಬಹುದು, ಅಚ್ಚು ಹಾಕಿಸಿ ಮಾರಲೂಬಹುದು.